ಬಿಕ್ಕಳಿಕೆ ತಿಂಗಳು

ಪತ್ರಿಕೆ ಕೆಲಸದಲ್ಲಿ ನಾನು ಮೊದಲು ಕಲಿತದ್ದು ಸುದ್ದಿಯ ನೆತ್ತಿಯ ಮೇಲೆ ಊರು, ತಾರೀಖು ಬರೆಯುವುದನ್ನು. ಅವೆರಡಿಲ್ಲದ ಸುದ್ದಿಯನ್ನು ಡೆಸ್ಕಿನವರು ಓದುವುದೂ ಇಲ್ಲ. ಹಿಂದೂಪುರದಿಂದ ಈಗಲೂ ಹಾಗೆಯೇ ಕಳಿಸುತ್ತೇನೆ. ಆದರೆ ನನಗೆ ಗೊತ್ತಿದ್ದ ಮೊದಲ ಪಂಚಾಂಗದಲ್ಲಿ ತಾರೀಖೇ ಇರಲಿಲ್ಲ.

ಅದು ಕಲ್ಯಾಣದುರ್ಗದ ನಮ್ಮ ಮನೆಯ ಮಾಳಿಗೆ ಮೇಲೆ ಚಿಕ್ಕವರಿದ್ದಾಗ ನಾನೂ ಅಕ್ಕನೂ ಕಟ್ಟಿದ ರಾಜ್ಯದ ಪಂಚಾಂಗ. ಆ ರಾಜ್ಯದ ಆಕಾಶದಲ್ಲಿ ಚಂದ್ರನಿರಲಿಲ್ಲ. ಹಾಗಾಗಿ ಅಲ್ಲಿನವರು ತಿಂಗಳನ್ನು ಬೇರೆ ಥರ ಅಳೆಯಬೇಕಿತ್ತು. ಇರುವೆ ತಿಂಗಳಲ್ಲಿ ಯಾರೂ ಸಕ್ಕರೆ ಮುಟ್ಟುವಂತಿಲ್ಲ. ಹೊಗೆ ತಿಂಗಳಲ್ಲಿ ಸುಳ್ಳು ಹೇಳಬಹುದು. ಮನೆಯವರು ಯಾರಾದರೂ ದೂರ ಹೊರಟರೆ ನಡೆಯುತ್ತಿದ್ದ ತಿಂಗಳು ಅಲ್ಲೇ ನಿಂತು ಬಿಕ್ಕಳಿಕೆ ತಿಂಗಳು ಶುರುವಾಗುತ್ತದೆ. ನಾವು ನೆನೆಸಿಕೊಂಡರೆ ಹೋದವರಿಗೆ ಬಿಕ್ಕಳಿಕೆ ಬರುತ್ತದಲ್ಲ, ಅದಕ್ಕೆ ಆ ಹೆಸರು. ಆ ತಿಂಗಳಲ್ಲಿ ಹೋದವರಿಗೆ ವಯಸ್ಸಾಗುವುದಿಲ್ಲ. ಅವರು ಮನೆಗೆ ಬಂದ ಮೇಲೆ, ಕಾದು ಕೂತವರು ಹಿತ್ತಾಳೆ ತಟ್ಟೆಗೆ ಸೌಟಿನಿಂದ ಹೊಡೆದರೆ ತಿಂಗಳು ಮುಗಿಯಿತು. ಬೇರೆಯವರು ಹೊಡೆದರೆ ಲೆಕ್ಕಕ್ಕಿಲ್ಲ. ಆಮೇಲೆ ನಿಂತ ತಿಂಗಳು ನಿಂತಲ್ಲಿಂದಲೇ ಮುಂದುವರಿಯಬೇಕು.

ಅಪ್ಪ ಲಾರಿ ಡ್ರೈವರ್. ಹಾಗಾಗಿ ನಮ್ಮ ರಾಜ್ಯದಲ್ಲಿ ಬಹುಪಾಲು ಬಿಕ್ಕಳಿಕೆ ತಿಂಗಳೇ. ತಟ್ಟೆ ಹೊಡೆಯುತ್ತಿದ್ದವಳು ಅಕ್ಕ. ಅದರ ಅಂಚು ನೆಗ್ಗಿಸಿದ್ದಕ್ಕೆ ಅಮ್ಮನಿಂದ ಬೈಸಿಕೊಳ್ಳುತ್ತಿದ್ದವಳೂ ಅವಳೇ. ಮದುವೆಯಾಗಿ ಬೆಳುಗುಪ್ಪಕ್ಕೆ ಹೋಗುವಾಗ ಆ ತಟ್ಟೆಯನ್ನು ಕೇಳಿ ತೆಗೆದುಕೊಂಡು ಹೋದಳು.

ಬಾವ ಬೋರ್‌ವೆಲ್ ಲಾರಿಯಲ್ಲಿ ಕೆಲಸಕ್ಕಿದ್ದರು. ಕೆಲವು ವರ್ಷಗಳ ಹಿಂದೆ ಲಾರಿ ಉತ್ತರದ ಕಡೆ ಹೋಗಿದ್ದಾಗ, ದಾರಿಯಲ್ಲಿ ಟೀ ಕುಡಿಯಲು ಇಳಿದವರು ಮತ್ತೆ ಹತ್ತಲಿಲ್ಲ. ಪೊಲೀಸರಿಗೆ ದೂರು ಕೊಟ್ಟೆವು. ಫೋಟೋದ ಕೆಳಗೆ ‘ಕಾಣೆಯಾಗಿದ್ದಾರೆ’ ಎಂದು ನಾನೇ ಬರೆದು ಹಾಕಿಸಿದೆ. ಏನೂ ತಿಳಿಯಲಿಲ್ಲ.

ಈ ಸಲ ಮಹಾಲಯ ಅಮಾವಾಸ್ಯೆ ಹತ್ತಿರವಾದಾಗ ಬಾವನ ತಮ್ಮ ಫೋನ್ ಮಾಡಿದ.

“ಅಣ್ಣಾ, ಯಾವತ್ತು ಹೋದ್ರು ಅಂತ ಗೊತ್ತಿಲ್ದೋರಿಗೂ ಅಮಾಸೆ ದಿನ ಎಡೆ ಇಡ್ಬೋದಂತೆ. ನನ್ ಮಗಳ ಮದ್ವೆ ಐತೆ. ಇದು ಮುಗೀದೆ ಚಪ್ರ ಹಾಕೋದು ಬ್ಯಾಡ ಅಂತಾರೆ ದೊಡ್ಡೋರು. ಅತ್ತಿಗೆ ಒಪ್ತಾ ಇಲ್ಲ.”

“ಏನಂತಾಳೆ?”

“ತಿಂಗ್ಳು ಮುಗ್ದಿಲ್ಲ ಅಂತಾರೆ. ಯಾವ್ ತಿಂಗ್ಳೋ ಏನೋ, ಆ ದೇವ್ರಿಗೇ ಗೊತ್ತು.”

ನನಗೆ ಗೊತ್ತಿತ್ತು. ಎಡೆ ಇಟ್ಟರೆ ಬಾವ ಸತ್ತವರ ಸಾಲಿಗೆ ಸೇರುತ್ತಾರೆ, ಅಕ್ಕ ಕಾಲುಂಗುರ ತೆಗೆಯಬೇಕು ಎನ್ನುವುದೂ ಗೊತ್ತಿತ್ತು. ಮಾರನೆಯ ದಿನ ಬಸ್ಸು ಹತ್ತಿದೆ.

ಅಕ್ಕ ಜಗಲಿಯ ಮೇಲೆ ಕಡಲೆಕಾಯಿ ಸುಲಿಯುತ್ತಿದ್ದಳು. ನನ್ನನ್ನು ನೋಡಿದ ತಕ್ಷಣ, “ಫೋನ್ ಬಂತಾ? ಮೊದ್ಲು ಉಣ್ಣು, ಆಮೇಲೆ ಬುದ್ಧಿ ಹೇಳೀವಂತೆ” ಎಂದಳು.

“ಅಕ್ಕಾ, ಅದು ನಾವು ಆಡ್ತಿದ್ದ ಆಟ.”

“ನಿನ್ ಪೇಪರ್‌ನಾಗೆ ದಿನಾ ತಾರೀಖು ಬದ್ಲಾಯ್ತದೆ ಕಣ್ಲಾ. ಅವರ ಸುದ್ದಿ ಒಂದ್ ದಿನಾನಾದ್ರೂ ಬಂತಾ? ನನ್ ಪಂಚಾಂಗವೇ ವಾಸಿ. ಅದ್ರಾಗೆ ಅವರಿಗೆ ವಯಸ್ಸಾಗಿಲ್ಲ.”

“ನಿನಗಾಗೈತಲ್ಲ.”

ಅಕ್ಕ ಬೈತಲೆಯ ಹತ್ತಿರದ ಬಿಳಿಗೂದಲು ಮುಟ್ಟಿಕೊಂಡಳು. “ಹೂಂ ಕಣಪ್ಪ. ಕಾಯೋರಿಗೂ ಆಗಬಾರ್ದು ಅಂತ ಸೇರಿಸ್ಬೇಕಿತ್ತು. ಹುಡುಗ್ರು, ನಮಗೇನ್ ಗೊತ್ತಿತ್ತು.”

ಮದುವೆಯಾಗಬೇಕಾದ ಹುಡುಗಿ ನೀರು ತಂದಿಟ್ಟಳು. ಮಕ್ಕಳಿಲ್ಲದ ಅಕ್ಕ ಎತ್ತಿ ಬೆಳೆಸಿದ್ದು ಅವಳನ್ನೇ. “ದೊಡ್ಡಮ್ಮ, ನಂಗೇನ್ ಆತ್ರ ಇಲ್ಲ” ಎಂದಳು.

“ಆತ್ರ ಇಲ್ದೋಳು ಬೆಳಿಗ್ಗೆಯಿಂದ ಫೋನ್ನಾಗೆ ಯಾರತ್ರ ನಗ್ತಿದ್ಯೇ?”

ಹುಡುಗಿ ಒಳಗೆ ಓಡಿದಳು. ಅಕ್ಕನ ಮುಖದಲ್ಲಿದ್ದ ನಗು ನಿಧಾನಕ್ಕೆ ಇಳಿಯಿತು. ಕೈಯಲ್ಲಿದ್ದ ಕಾಯಿಯನ್ನು ಸುಲಿಯದೆ ರಾಶಿಗೆ ಹಾಕಿದಳು. “ಎಡೆ ಇಟ್ಕೊಳ್ಳಲಿ ಬಿಡು” ಎಂದಳು. ನಾನು ಹೇಳಬೇಕೆಂದು ಬಂದ ಮಾತು ಯಾವುದೂ ಬೇಕಾಗಲಿಲ್ಲ.

ಅಮಾವಾಸ್ಯೆಯ ದಿನ ಎಲೆ ಹಾಕಿ, ಹೊಸ ಪಂಚೆ ಇಟ್ಟು, ಬಾವನಿಗೆ ಇಷ್ಟವಾದ ಒಬ್ಬಟ್ಟು ಬಡಿಸಿದರು. ದೀಪ ಹಚ್ಚುವ ಮೊದಲು ಅಕ್ಕ ಒಳಗಿನಿಂದ ಆ ತಟ್ಟೆ ತಂದಳು. ಬಾಗಿಲ ಕಡೆ ತಿರುಗಿ ನಿಂತು ಸೌಟಿನಿಂದ ಒಂದೇ ಒಂದು ಸಲ ಹೊಡೆದಳು. ನೆಂಟರು ಅದನ್ನೂ ಶಾಸ್ತ್ರದ ಭಾಗವೆಂದುಕೊಂಡು ಕೈ ಮುಗಿದರು. ಸದ್ದು ಅಡಗುವವರೆಗೂ ಅಕ್ಕ ಬಾಗಿಲನ್ನೇ ನೋಡುತ್ತಿದ್ದಳು. ಆಮೇಲೆ ಕೆಳಗೆ ಕೂತು, ಯಾರೂ ಹೇಳುವ ಮೊದಲೇ ಕಾಲುಂಗುರ ಬಿಚ್ಚಿದಳು.

ಸಂಜೆ ನಾನು ಹೊರಡುವಾಗ ಕೇಳಿದಳು: “ಅವರು ಹೋದಾಗ ಯಾವ್ ತಿಂಗ್ಳು ನಡೀತಿತ್ತು, ನೆನಪೈತಾ? ಇರುವೇದಾ, ಹೊಗೇದಾ? ಅಲ್ಲಿಂದ ಶುರು ಮಾಡ್ಬೇಕಲ್ಲ.”

ಅವರು ಹೋದ ದಿನದ ತಾರೀಖು ನನಗೆ ಬಾಯಿಪಾಠವಾಗಿತ್ತು. ಅವಳು ಕೇಳಿದ್ದು ಅದನ್ನಲ್ಲ. “ಗೊತ್ತಿಲ್ಲ ಅಕ್ಕಾ” ಎಂದೆ.

“ನಂಗೂ ಇಲ್ಲ” ಎಂದಳು. ತಟ್ಟೆಯನ್ನು ಎತ್ತಿಡಲಿಲ್ಲ. ಹಿತ್ತಲಿನ ಎಂಜಲು ಪಾತ್ರೆಗಳ ಜೊತೆ ತೊಳೆಯಲು ಹಾಕಿದಳು.