ಒಂದೇ ಕೋಲಿನ ಹೊಲ

ನಾನು ಮಾಡಬೇಕಾಗಿದ್ದದ್ದು ತೀರ ಚಿಕ್ಕ ಕೆಲಸ. ‘ಈ ಕೋಲು ಕತ್ತರಿಸಿದವನು ನಾನು’ ಎಂದು ಅಪ್ಪನೆದುರು ಹೇಳಬೇಕಾಗಿತ್ತು, ಅಷ್ಟೆ. ಹೇಳಲಿಲ್ಲ. ಅದರ ಬದಲು ತಂಗಿಯ ಹೆಸರು ಹೇಳಿದೆ, ಆ ಒಂದು ಹೆಸರಿನಿಂದ ಅವಳ ಓದು ನಿಂತಿತು.

ಆ ಕೋಲು ಈಗಿಲ್ಲ. ಅದನ್ನು ನಾನೇ ಒಲೆಗೆ ಹಾಕಿದೆ. ಆದರೆ ಅದರ ಬೆನ್ನಿಗೇ ಹುಟ್ಟಿದ ಇನ್ನೊಂದು ಕೋಲು ನಮ್ಮ ಮನೆಯ ನಡುಬಾಗಿಲ ಹಿಂದೆ ಇವತ್ತಿಗೂ ನಿಂತಿದೆ. ಐದು ಮೊಳದ ಬಿದಿರು, ಕೈ ತಾಗಿ ತಾಗಿ ನುಣುಪಾಗಿದೆ. ಅವ್ವ ಅದರಿಂದ ಒದ್ದೆ ಸೀರೆಯನ್ನು ಮೇಲಿನ ಹಗ್ಗಕ್ಕೆ ಏರಿಸುತ್ತಾಳೆ, ಅದರಿಂದಲೇ ಅಡುಗೆಮನೆಗೆ ನುಗ್ಗಿದ ಕೋಳಿಯನ್ನೂ ಅಟ್ಟುತ್ತಾಳೆ. ನಮ್ಮ ಮನೆಗೆ ಬಂದ ನೆಂಟರು ಯಾರೂ ಅದನ್ನು ಎರಡನೆಯ ಸಲ ನೋಡುವುದಿಲ್ಲ. ನೀವು ಬಂದರೆ ಮಾತ್ರ ಒಂದು ಗಳಿಗೆ ನಿಂತು ನೋಡಬೇಕು, ಅದಕ್ಕಾಗಿಯೇ ಇಷ್ಟು ಬರೆಯುತ್ತಿದ್ದೇನೆ.

ನಮ್ಮೂರು ಅರಕಲಗೂಡಿನಿಂದ ಹೊಳೆನರಸೀಪುರಕ್ಕೆ ಹೋಗುವ ಗಾಡಿದಾರಿಯ ಮಗ್ಗುಲಲ್ಲಿದೆ. ನಾನು ಅರಕಲಗೂಡಿನ ಶಾಲೆಯಲ್ಲಿ ನಾಲ್ಕನೆಯ ತರಗತಿಯವರೆಗೆ ಕೂತವನು. ಭಾಗಾಕಾರ ಬಂದಾಗ ನಾನು ಎದ್ದು ಬಂದೆ. ತಂಗಿ ಗೌರಿ ನಾನು ಎದ್ದ ಜಾಗದಲ್ಲಿ ಕೂತು ಮುಂದುವರಿಸಿದಳು ಎನ್ನಬೇಕು. ಹಾಸನದಲ್ಲಿ ಸೋದರತ್ತೆಯ ಮನೆಯಲ್ಲಿದ್ದು ಹೈಸ್ಕೂಲು ಮುಗಿಸಿ, ಮೈಸೂರಿನ ಕಾಲೇಜು ಸೇರಿ, ಗಣಿತವನ್ನೇ ಹಿಡಿದಳು. ಹೆಣ್ಣುಮಗಳಿಗೆ ಅಷ್ಟು ಓದು ಯಾಕೆ ಎಂದು ಕೇಳಿದವರಿಗೆಲ್ಲ ಅಪ್ಪ, ‘ಅವಳಿಗೆ ಬತ್ತದೆ, ಓದ್ತಾಳೆ. ನಿಮ್ಮ ಮಗನಿಗೆ ಬಂದ್ರೆ ಅವನೂ ಓದ್ಲಿ’ ಎಂದು ಬಾಯಿ ಮುಚ್ಚಿಸುತ್ತಿದ್ದರು. ಆ ಮಾತಿನ ಒಂದು ಚೂರು ನನಗೂ ತಾಗುತ್ತಿತ್ತು.

ಎರಡನೆಯ ಮಹಾಯುದ್ಧ ಶುರುವಾಗುವುದಕ್ಕೆ ಎರಡು ಮೂರು ವರ್ಷ ಮೊದಲಿನ ಬೇಸಿಗೆ. ನಮ್ಮ ಹಳೆಯ ಹೊಲ ತಗ್ಗಿನಲ್ಲಿತ್ತು, ಚಾಪೆ ಹಾಸಿದ ಹಾಗೆ. ಆ ವರ್ಷ ಅದಕ್ಕೆ ಹೊಂದಿಕೊಂಡಂತೆ ಮೇಲಿನ ದಿಣ್ಣೆಯ ತಲೆಯವರೆಗೂ ಹೊಸ ಭೂಮಿ ಒಡೆದೆವು. ಕೆಳಗೆ ಒಂದು ಗಡಿಕಲ್ಲು, ದಿಣ್ಣೆಯ ತಲೆಯಲ್ಲಿ ಇನ್ನೊಂದು. ನಡುವಿನ ಇಳಿಜಾರಿಗೆ ಅಡ್ಡಡ್ಡ ಬದು ಹಾಕಿ ಮಣ್ಣು ತಡೆಯಬೇಕು. ಬದುವಿನ ಎತ್ತರ ಒಂದು ಮೊಳ, ಆದ್ದರಿಂದ ಒಂದು ಬದುವಿಗೂ ಮುಂದಿನದಕ್ಕೂ ನಡುವೆ ನೆಲ ಒಂದು ಮೊಳಕ್ಕಿಂತ ಹೆಚ್ಚು ಏರಿರಬಾರದು. ಏರಿದ್ದರೆ ನೀರು ಓಟ ಹಿಡಿಯುತ್ತದೆ, ಬದು ನಿಲ್ಲುವುದಿಲ್ಲ.

ಬದು ಹಾಕುವುದು ಮುಯ್ಯಾಳುಗಳ ಕೆಲಸ. ಇವತ್ತು ಅವರು ನಮ್ಮ ಹೊಲಕ್ಕೆ, ನಾಳೆ ನಾವು ಅವರ ಹೊಲಕ್ಕೆ. ಮೂರು ಗುಂಪು ಮೂರು ಕಡೆ ಒಟ್ಟಿಗೇ ಗುದ್ದಲಿ ಹಾಕುವುದರಿಂದ, ಜಗಳ ಬರಬಾರದೆಂದು, ಬದುವಿನಿಂದ ಬದುವಿಗೆ ಬಿಡುವ ದೂರಕ್ಕೆ ಎಲ್ಲರಿಗೂ ಒಂದೇ ಅಳತೆಯ ಕೋಲು. ಹೊಲದ ಯಜಮಾನ ಕೆಳಗಿನ ಗಡಿಕಲ್ಲಿಗೆ ಕುಂಕುಮವಿಟ್ಟು, ಕಾಯಿ ಒಡೆದು, ಅಲ್ಲೇ ನೆಲದ ಏರು ನೋಡಿ ಕೋಲು ಕತ್ತರಿಸಬೇಕು. ಅದರಂತೆ ಇನ್ನೆರಡು ಕೋಲು ಆಗುತ್ತವೆ. ತಾತನ ಕಾಲದಿಂದ ನಡೆದ ಪದ್ಧತಿ. ಚಾಪೆಯಂಥ ಹೊಲಕ್ಕೆ ಅದು ಸರಿಯಾಗಿಯೇ ಇತ್ತು.

ಆ ದಿನ ಅಪ್ಪ ಚನ್ನರಾಯಪಟ್ಟಣದ ನೆಂಟರ ಮನೆಗೆ ಹೋಗಿದ್ದರು. ಯಜಮಾನಿಕೆ ನನ್ನದು. ಮೊದಲ ಸಲ ಕೈಗೆ ಮಚ್ಚು ಬಂದ ಗತ್ತು. ರಜಕ್ಕೆ ಬಂದಿದ್ದ ಗೌರಿ ಮಜ್ಜಿಗೆ ಹೊತ್ತು ತಂದವಳು ಅಲ್ಲೇ ನಿಂತಳು.

‘ಅಣ್ಣಯ್ಯ, ಕೋಲ ಇಲ್ಲಿ ಕತ್ತರಿಸ್ಬ್ಯಾಡ. ಮೇಲಕ್ಕೋಗಿ ನೋಡು, ಅಲ್ಲಿ ಏರು ಜಾಸ್ತಿ ಅದೆ. ಅಲ್ಲಿ ಸಲ್ಲೋದು ಇಲ್ಲೂ ಸಲ್ತದೆ. ಇಲ್ಲಿ ಸಲ್ಲೋದು ಅಲ್ಲಿ ಸಲ್ಲಲ್ಲ.’

ಮುಯ್ಯಾಳುಗಳ ಹಿರಿಯ ಸಣ್ಣೇಗೌಡ ಎಲೆಯಡಿಕೆ ಉಗಿದು ಹೇಳಿದ: ‘ಅಷ್ಟು ಗಿಡ್ಡ ಕೋಲಾದ್ರೆ ದೀಪಾವಳಿಗಂಟ ಬದು ಆಕ್ತಾ ಕೂತ್ಕಬೇಕಾಯ್ತದೆ ಕಣವ್ವ. ರಾಗಿಯ ನಿಮ್ಮ ಕಾಲೇಜಲ್ಲಿ ಬಿತ್ತಾನಾ?’

ಎಲ್ಲರೂ ನಕ್ಕರು. ಎಲ್ಲರಿಗಿಂತ ಜೋರಾಗಿ ನಕ್ಕವನು ನಾನು. ಕೆಳಗಿನ ಕಲ್ಲಿನ ಪಕ್ಕದಲ್ಲೇ ಇಪ್ಪತ್ನಾಲ್ಕು ಮೊಳದ ಕೋಲು ಕತ್ತರಿಸಿದೆ. ಗೌರಿ ಮಜ್ಜಿಗೆಯ ಗಡಿಗೆ ಇಳಿಸಿ ಮನೆಗೆ ಹೋದಳು.

ಮುಂಗಾರಿನ ಮೊದಲ ದೊಡ್ಡ ಮಳೆಗೆ ದಿಣ್ಣೆಯ ಮೇಲಿನ ಬದುಗಳು ಒಂದರ ಹಿಂದೊಂದು ಕಿತ್ತುಕೊಂಡು ಬಂದವು. ಹೊಸ ಮಣ್ಣೆಲ್ಲ ಹಳೆಯ ಹೊಲದ ಪೈರಿನ ಮೇಲೆ ಬಂದು ಕೂತಿತು. ಅಪ್ಪ ಮುರಿದ ಬದುವಿನ ಮೇಲೆ ನಿಂತು, ಕೆಸರಿನಲ್ಲಿ ಬಿದ್ದಿದ್ದ ಕೋಲಿನ ತುದಿ ಎತ್ತಿ ಹಿಡಿದು ಕೇಳಿದರು: ‘ಈ ಅಳತೆ ಯಾರದ್ಲಾ?’

ಗೆಳೆಯರೆ, ನಾಲಗೆಗೆ ಯೋಚನೆ ಮಾಡಲು ಪುರುಸೊತ್ತು ಬೇಡ. ‘ಗೌರಿ ಏಳಿದ ಅಳತೆ ಕಣಪ್ಪ’ ಎಂದುಬಿಟ್ಟೆ. ಸಣ್ಣೇಗೌಡ ಅಲ್ಲೇ ಇದ್ದ. ಅಣ್ಣ ತಂಗಿಯರ ಮಾತಿಗೆ ತಾನು ಯಾಕೆ ಎಂದುಕೊಂಡನೋ ಏನೋ, ಕೆಮ್ಮಿ ಆ ಕಡೆ ತಿರುಗಿದ.

ಅಪ್ಪ ಮನೆಗೆ ಬಂದು ಜಗಲಿಯ ಮೇಲೆ ಕೂತು, ಯಾರ ಮುಖವನ್ನೂ ನೋಡದೆ ಹೇಳಿದರು: ‘ಊರೆಲ್ಲ ಏಳ್ತು, ನಾನು ಕೇಳ್ಲಿಲ್ಲ. ಓದಿ ಓದಿ ಕಾಲಡಿ ನೆಲಾನೆ ಮರೆತವಳೆ. ಇನ್ನು ಮೈಸೂರು ಸಾಕು.’ ಗೌರಿ ಮೊರದಲ್ಲಿ ರಾಗಿ ಕೇರುತ್ತಿದ್ದಳು. ಒಮ್ಮೆ ನನ್ನ ಕಡೆ ನೋಡಿದಳು. ಮತ್ತೆ ಕೇರತೊಡಗಿದಳು. ಅವಳು ಒಂದು ಮಾತು ಆಡಿದ್ದರೆ ನಾನು ಅಲ್ಲೇ ಸಿಕ್ಕಿಬೀಳುತ್ತಿದ್ದೆ.

ಅವಳ ಟ್ರಂಕು ಮಂಚದ ಕೆಳಗೆ ಹೋಯಿತು. ಜೂನ್ ಬಂತು, ಹೋಯಿತು. ಮೈಸೂರಿನ ಗೆಳತಿಯರ ಕಾಗದಗಳು ಬಂದವು, ಆಮೇಲೆ ಅವೂ ನಿಂತವು. ಸಗಣಿ ತಟ್ಟುವಾಗಲೂ ಅವಳ ತುಟಿ ಏನನ್ನೋ ಲೆಕ್ಕ ಹಾಕುತ್ತಿತ್ತು. ನಾನು ಆ ವರ್ಷವೆಲ್ಲ ಮನೆಯಲ್ಲಿ ಊಟದ ಹೊತ್ತಿಗೆ ಮಾತ್ರ ಇದ್ದೆ.

ಮುಂದಿನ ಬೇಸಿಗೆಗೆ ಬದುಗಳನ್ನು ಮತ್ತೆ ಹಾಕಲೇಬೇಕಾಯಿತು. ಹುಲ್ಲಿನ ಮೆದೆಯ ಹತ್ತಿರ ಅವಳೊಬ್ಬಳೇ ಸಿಕ್ಕಾಗ, ಕಾಲ ಹೆಬ್ಬೆರಳಿನಿಂದ ನೆಲ ಕೆರೆಯುತ್ತ ಕೇಳಿದೆ: ‘ಆವತ್ತು ನೀ ಏನೋ ಏಳ್ದಲ್ಲ, ಅದ ಇನ್ನೊಂದ್ಸಲ ಏಳವ್ವ.’

ಅವಳು ಹುಲ್ಲಿನ ಹೊರೆ ಕೆಳಗಿಟ್ಟು ನನ್ನನ್ನು ನೋಡಿದಳು. ‘ನಾಲ್ಕನೇ ಕ್ಲಾಸಿನೋರು ಬಂದವ್ರೆ ಪಾಠಕ್ಕೆ. ಗುರುದಕ್ಷಿಣೆ ಏನ್ ತಂದಿದ್ದೀಯ?’ ಎಂದು ನಕ್ಕಳು. ಒಂದು ವರ್ಷದ ಮೇಲೆ ಆ ನಗು ಕೇಳಿದ್ದು. ಒಂದು ಕಂತೆ ಗೂಟ ಹೊತ್ತು ಇಬ್ಬರೂ ಹೊಲಕ್ಕೆ ಹೋದೆವು.

ಅವಳು ಅಲ್ಲಿ ನನಗೆ ಹೇಳಿಕೊಟ್ಟದ್ದನ್ನು ನಿಮಗೂ ಹೇಳುತ್ತೇನೆ. ನಾಲ್ಕನೆಯ ತರಗತಿಯವನಿಗೆ ಹತ್ತಿದ್ದು ನಿಮಗೂ ಹತ್ತುತ್ತದೆ. ನೆಲ ಎಲ್ಲೂ ಕಡಿದು ಬಿದ್ದಿಲ್ಲ, ಒಂದೇ ಸಮನೆ ಸಾಗಿದೆ ಎಂದುಕೊಳ್ಳಿ. ಆಗ ಎಲ್ಲಿ ನಿಂತರೂ ಆ ಜಾಗಕ್ಕೆ ತಕ್ಕ ಒಂದು ಕೋಲು ಇದ್ದೇ ಇದೆ. ತಗ್ಗಿನಲ್ಲಿ ಉದ್ದದ್ದು, ಏರಿನಲ್ಲಿ ಗಿಡ್ಡದ್ದು. ಜಾಗಕ್ಕೊಂದು ಕೋಲು. ಗಣಿತದಲ್ಲಿ ಇದು ಬರಿಯ ಅವಿಚ್ಛಿನ್ನತೆ, ಎಂದರೆ ಕಡಿಯದೆ ಸಾಗುವುದು. ಆದರೆ ಮುಯ್ಯಾಳುಗಳಿಗೆ ಹೆಜ್ಜೆಗೊಂದು ಕೋಲು ಕೊಡಲಾದೀತೆ? ಹೊಲದಲ್ಲಿ ಎಲ್ಲಿಟ್ಟರೂ ಸಲ್ಲುವ ಒಂದೇ ಕೋಲು ಉಂಟೋ ಇಲ್ಲವೋ ಎಂಬುದೇ ಪ್ರಶ್ನೆ. ಉಂಟು ಎಂದಾದರೆ, ಮೊಳ ಬೇಡ, ಗೇಣಿಗಿಂತ ಹೆಚ್ಚು ಏರಬಾರದು ಅನ್ನಿ, ಅದಕ್ಕೂ ಒಂದು ಕೋಲು ಉಂಟು ಎಂದಾದರೆ, ಬೆರಳಗಲಕ್ಕೂ ಉಂಟು ಎಂದಾದರೆ, ಅದಕ್ಕೆ ಏಕರೂಪ ಅವಿಚ್ಛಿನ್ನತೆ ಎಂದು ಹೆಸರು. ಇಂಗ್ಲಿಷಿನಲ್ಲೂ ಅಷ್ಟೇ ಉದ್ದದ ಹೆಸರಿದೆ, ಅದು ನನ್ನ ಬಾಯಲ್ಲಿ ನಿಲ್ಲಲಿಲ್ಲ.

‘ಅದ್ಯಾವ ಮಹಾ’ ಎಂದೆ. ‘ಎಲ್ಲಕ್ಕಿಂತ ಗಿಡ್ಡ ಕೋಲು ತಗೊಂಡ್ರಾಯ್ತು.’

‘ಎಲ್ಲಕ್ಕಿಂತ ಗಿಡ್ಡದ್ದು ಅಂತ ಒಂದು ಅದೆ ಅಂತ ನಿಂಗ್ ಯಾರ್ ಏಳಿದ್ರು?’ ಎಂದಳು. ‘ಮೇಲಿನ ಕಲ್ಲೇ ಇಲ್ಲ ಅನ್ಕೊ. ದಿಣ್ಣೆ ಆ ಜಾಗಕ್ಕೆ ಅತ್ರ ಅತ್ರ ಓದಂಗೆಲ್ಲ ಮುಗಿಲಿಗೆ ಎದ್ದೇ ಓಯ್ತದೆ ಅನ್ಕೊ. ಹೆಜ್ಜೆ ಹೆಜ್ಜೆಗೂ ಕೋಲು ಗಿಡ್ಡ ಆಯ್ತಾ ಓಯ್ತದೆ. ಕೊನೇಲಿ ನಿನ್ನ ಕೈಲಿ ಏನುಳೀತದೆ?’

ಏನೂ ಉಳಿಯುವುದಿಲ್ಲ. ಪ್ರತಿಯೊಂದು ಜಾಗಕ್ಕೂ ಕೋಲಿದೆ, ಎಲ್ಲ ಜಾಗಕ್ಕೂ ಒಂದು ಕೋಲಿಲ್ಲ. ಇವೆರಡು ಬೇರೆ ಬೇರೆ ಎಂದು ಅಲ್ಲಿಯವರೆಗೆ ನನಗೆ ಹೊಳೆದೇ ಇರಲಿಲ್ಲ.

ಆಮೇಲೆ ಅವಳು ಗೂಟ ನೆಟ್ಟಳು. ಪ್ರತಿ ಗೂಟವೂ ಒಬ್ಬ ಪಾಳೆಯಗಾರ. ಅವನ ಎರಡೂ ಕಡೆ ಎಷ್ಟು ದೂರ ನೆಲ ಅವನಿಗಿಂತ ಅರ್ಧ ಮೊಳದೊಳಗೇ ಏರುಪೇರಾಗಿದೆಯೋ ಅಷ್ಟು ದೂರ ಅವನ ಪಾಳೆಯಪಟ್ಟು. ಅದರಲ್ಲಿ ಒಳಗಿನ ಅರ್ಧಭಾಗ ಅವನ ಕೋಟೆ. ಕೋಟೆಗೆ ಕೋಟೆ ತಾಗುವಂತೆ ಗೂಟ ನೆಡುತ್ತ ಕೆಳಗಿನ ಕಲ್ಲಿನಿಂದ ಮೇಲಿನ ಕಲ್ಲಿಗೆ ಬಂದೆವು. ಎರಡು ತುದಿಯಲ್ಲೂ ಕಲ್ಲಿದ್ದದ್ದರಿಂದ, ತುದಿಗೂ ಒಬ್ಬ ಪಾಳೆಯಗಾರನಿದ್ದದ್ದರಿಂದ, ಕಂತೆಯ ಗೂಟ ಮುಗಿಯುವುದರೊಳಗೆ ಹೊಲ ಮುಗಿಯಿತು. ಎಣಿಸಿ ಮುಗಿಯುವಷ್ಟು ಗೂಟಗಳಿದ್ದರೆ ಅವುಗಳಲ್ಲಿ ಎಲ್ಲಕ್ಕಿಂತ ಚಿಕ್ಕ ಪಾಳೆಯಪಟ್ಟು ಒಂದು ಇರಲೇಬೇಕು. ಅದು ದಿಣ್ಣೆಯ ಕುತ್ತಿಗೆಯ ಹತ್ತಿರ ಸಿಕ್ಕಿತು. ಗೂಟದಿಂದ ಹತ್ತು ಮೊಳ.

‘ಇದರ ಅರ್ಧ ಕತ್ತರಿಸು’ ಎಂದಳು. ‘ಐದು ಮೊಳ.’

‘ಅರ್ಧ ಯಾಕೆ?’

‘ಅದ ನೀನೇ ಕಂಡ್ಕೊ’ ಎಂದು ಸೆರಗು ಕೊಡವಿ ಹೊರಟುಹೋದಳು.

ಎರಡು ದಿನ ಆ ‘ಯಾಕೆ’ ನನ್ನ ಕಿವಿಯೊಳಗೆ ಜೀರುಂಡೆಯಂತೆ ಕೂತಿತ್ತು. ಮೂರನೆಯ ದಿನ ಕೆರೆಯಲ್ಲಿ ಎತ್ತಿನ ಮೈ ತೊಳೆಯುತ್ತಿದ್ದೆ. ಎತ್ತಿನ ಬೆನ್ನಿನ ಮೇಲೆ ಅಂಗೈ ಇಟ್ಟು ಗೇಣು ಹಾಕಿದವನು ಹಾಗೇ ನಿಂತುಬಿಟ್ಟೆ. ಕೋಲಿನ ಒಂದು ತುದಿ ಎಲ್ಲಿಯೇ ಬೀಳಲಿ, ಯಾವನಾದರೂ ಒಬ್ಬನ ಕೋಟೆಯೊಳಗೆ ಬೀಳಲೇಬೇಕು. ಕೋಲು ಪಾಳೆಯಪಟ್ಟಿನ ಅರ್ಧಕ್ಕಿಂತ ಉದ್ದವಿಲ್ಲ. ಆದ್ದರಿಂದ ಇನ್ನೊಂದು ತುದಿ ಕೋಟೆ ದಾಟಿದರೂ ಅವನ ಪಾಳೆಯಪಟ್ಟು ದಾಟಲಾರದು. ಎರಡು ತುದಿಯೂ ಒಬ್ಬನೇ ಪಾಳೆಯಗಾರನ ಆಳ್ವಿಕೆಯಲ್ಲಿ! ಅವನಿಗೂ ಈ ತುದಿಗೂ ಅರ್ಧ ಮೊಳದೊಳಗೆ, ಅವನಿಗೂ ಆ ತುದಿಗೂ ಅರ್ಧ ಮೊಳದೊಳಗೆ, ಕೂಡಿದರೆ ಮೊಳ ಮೀರುವ ಹಾಗೇ ಇಲ್ಲ.

ಎತ್ತನ್ನು ನೀರಿನಲ್ಲೇ ಬಿಟ್ಟು ಓಡಿದೆ. ಒದ್ದೆ ಪಂಚೆಯಲ್ಲಿ ಅಂಗಳಕ್ಕೆ ನುಗ್ಗಿ, ಸಾರಿಸಿದ ನೆಲದ ಮೇಲೆ ಬೆರಳಿನಿಂದ ಬರೆದು ಬರೆದು ತೋರಿಸಿದೆ. ಗೌರಿ ತಲೆ ಬಗ್ಗಿಸಿ ಕೊನೆಯವರೆಗೂ ನೋಡಿದಳು. ‘ಇದು ನಂಗೆ ಹತ್ತೋಕೆ ಮೈಸೂರಲ್ಲಿ ಮೂರು ವಾರ ಇಡೀತು ಕಣಣ್ಣಯ್ಯ’ ಎಂದಳು. ನನ್ನ ಬದುಕಿನಲ್ಲಿ ಅಷ್ಟು ದೊಡ್ಡ ಪದಕ ಬೇರೆ ಯಾರೂ ನನಗೆ ಕೊಟ್ಟಿಲ್ಲ. ಬಿಟ್ಟುಬಂದ ಎತ್ತು ಮಾತ್ರ ಬೇರೆಯವರ ಹುರುಳಿಯಲ್ಲಿ ಮೇಯುತ್ತಿತ್ತು, ಅದಕ್ಕಾಗಿ ಬಿದ್ದ ಬೈಗುಳವನ್ನು ಸಂತೋಷವಾಗಿಯೇ ತಿಂದೆ.

ಐದು ಮೊಳದ ಕೋಲಿನಲ್ಲಿ ಬದು ಹಾಕಿದೆವು. ಸಣ್ಣೇಗೌಡ ಗೊಣಗಿದ, ‘ಹೊಲ ಮಾಡ್ತಾವ್ನೊ ಮೆಟ್ಲು ಮಾಡ್ತಾವ್ನೊ’ ಎಂದ, ಆದರೂ ಹಾಕಿದ. ಆ ವರ್ಷದ ಮಳೆ ಹಿಂದಿನ ವರ್ಷದ್ದಕ್ಕಿಂತ ಜೋರು. ಮಳೆ ನಿಂತ ಬೆಳಿಗ್ಗೆ ಮುಯ್ಯಾಳುಗಳೆಲ್ಲ ಹೊಲದ ಹತ್ತಿರ ಸೇರಿದರು. ಕೆಳಗಿನ ಕಲ್ಲಿನಿಂದ ಮೇಲಿನ ಕಲ್ಲಿನವರೆಗೆ ಪ್ರತಿ ಬದುವಿನ ಹಿಂದೆಯೂ ನೀರು ಕನ್ನಡಿಯ ಹಾಗೆ ನಿಂತಿತ್ತು. ಒಂದು ಹೆಂಟೆಯೂ ಜಾರಿರಲಿಲ್ಲ. ಗೌರಿ ಮೇಲಿನ ಕಲ್ಲಿನ ಮೇಲೆ ಕೂತಿದ್ದಳು.

ಅಪ್ಪ ಕೋಲನ್ನು ಕೈಗೆ ತೆಗೆದುಕೊಂಡು ಕೇಳಿದರು: ‘ಈ ಅಳತೆ ಯಾರದ್ಲಾ?’

‘ಗೌರೀದು’ ಎಂದೆ.

ಅಪ್ಪ ಕೋಲನ್ನು ಮೊಳ ಹಾಕಿ ನೋಡಿದರು. ‘ಓದ ವರ್ಷಾನೂ ಅವಳ ಅಳತೆ, ಈ ವರ್ಷಾನೂ ಅವಳ ಅಳತೆ. ಆವತ್ತು ಕೊಚ್ಕೊಂಡೋಯ್ತು, ಇವತ್ತು ನಿಂತದೆ. ಅದೆಂಗ್ಲಾ?’

ಶಾಲೆಗೆ ಹೋಗದ ಅಪ್ಪ ಲೆಕ್ಕದಲ್ಲಿ ನನ್ನನ್ನು ಹಿಡಿದಿದ್ದರು. ಸಣ್ಣೇಗೌಡ ಈ ಸಲ ಕೆಮ್ಮಲಿಲ್ಲ, ನೇರವಾಗಿ ನನ್ನನ್ನೇ ನೋಡಿದ.

‘ಓದ ವರ್ಷದ್ದು ನನ್ನದು ಕಣಪ್ಪ’ ಎಂದೆ. ‘ಅವಳು ಬ್ಯಾಡ ಅಂದ್ಲು. ನಾನು ನಕ್ಬುಟ್ಟೆ. ಆಮೇಲೆ ನಿಮ್ತಾವ ಸುಳ್ಳೇಳ್ದೆ.’

ಅಪ್ಪ ಹೊಡೆಯಲಿಲ್ಲ, ಬೈಯಲೂ ಇಲ್ಲ. ದಿಣ್ಣೆ ಹತ್ತಿ ಹೋಗಿ ಮಗಳ ಪಕ್ಕದಲ್ಲಿ ನಿಂತರು. ಅವರು ಏನು ಹೇಳಿದರೋ ನನಗೆ ಕೇಳಿಸಲಿಲ್ಲ. ಇಳಿದು ಬಂದವರು ನನಗೆ ಹೇಳಿದ್ದು ಒಂದೇ: ‘ನಾಳೆ ಬೆಳಿಗ್ಗೆ ಗಾಡಿ ಕಟ್ಟು. ಹೊಳೆನರಸೀಪುರದ ಟೇಸನ್ಗೆ.’ ಮಂಚದ ಕೆಳಗಿನ ಟ್ರಂಕನ್ನು ನಾನೇ ಎಳೆದು, ಧೂಳು ಒರೆಸಿ, ಗಾಡಿಗೆ ಏರಿಸಿದೆ. ಗೌರಿ ಹೋದಳು, ಓದಿದಳು, ಮೊದಲ ದರ್ಜೆಯಲ್ಲಿ ಗೆದ್ದಳು. ಈಗ ಹಾಸನದಲ್ಲಿ ಹೆಣ್ಣುಮಕ್ಕಳಿಗೆ ಗಣಿತ ಹೇಳಿಕೊಡುತ್ತಾಳೆ. ಬದುಗಳು ಹತ್ತು ಮಳೆಗಾಲ ಕಂಡು ಹಾಗೆಯೇ ಇವೆ.

ಎಲ್ಲ ಸರಿಹೋಯಿತು ಎಂದು ನೀವು ಅಂದುಕೊಂಡಿರಬಹುದು. ನಾನೂ ಹಾಗೆಯೇ ಅಂದುಕೊಂಡಿದ್ದೆ. ಆದರೆ ಅಪ್ಪನಿಗೆ ನಿಜ ಹೇಳಿದ್ದೆನೇ ಹೊರತು ಅವಳಿಗೆ ಏನೂ ಹೇಳಿರಲಿಲ್ಲ. ಅದರ ಬದಲು ಮೈಸೂರಿಗೆ ತುಪ್ಪ ಹೊತ್ತೆ. ಹಬ್ಬಕ್ಕೆ ಸೀರೆ ತಂದೆ. ಹಾಸನದ ಅವಳ ಮನೆಗೆ ಸುಗ್ಗಿಯ ಅವರೆಕಾಯಿ, ಬಾಣಂತನಕ್ಕೆ ಕರೆಯುವ ಹಸು, ಮಳೆಗಾಲಕ್ಕೆ ಒಣ ಸೌದೆ. ಒಂದೊಂದು ಸಂದರ್ಭಕ್ಕೆ ಒಂದೊಂದು ಕೋಲು ಕತ್ತರಿಸುತ್ತ ಹತ್ತು ವರ್ಷ ನಡೆದೆ. ಎಲ್ಲ ಕಡೆಗೂ ಸಲ್ಲುವ ಒಂದೇ ಕೋಲು ಇದೆಯೆಂದು ನನಗೆ ಗೊತ್ತಿತ್ತು. ಅದು ಬಹಳ ಗಿಡ್ಡದ್ದು ಎಂಬುದೂ ಗೊತ್ತಿತ್ತು.

ಮೊನ್ನೆ ಗೌರಿ ಹಬ್ಬಕ್ಕೆ ಬಂದಿದ್ದಳು. ಅವ್ವ ಕೋಲಿನಿಂದ ಕೋಳಿ ಅಟ್ಟಿ ಅದನ್ನು ಜಗಲಿಯ ಮೇಲೆ ಎಸೆದಿದ್ದಳು. ಗೌರಿ ಅದನ್ನು ಎತ್ತಿ ತನ್ನ ಮಗಳಿಗೆ ಕೊಟ್ಟು, ‘ಇದನ್ನ ಕಂಡಿಡಿದೋರು ನಿಮ್ಮ ಮಾವ’ ಎಂದಳು. ಅಪ್ಪ ಅಲ್ಲೇ ಎಲೆ ಮಡಿಸುತ್ತಿದ್ದರು. ನಾನು ಮಗುವಿನ ಕೈಯಿಂದ ಕೋಲನ್ನು ತೆಗೆದುಕೊಂಡು ಮತ್ತೆ ಅದರ ತಾಯಿಯ ಕೈಗೆ ಕೊಟ್ಟೆ. ‘ಅಲ್ಲ ಮಗ, ಕಂಡಿಡಿದೋಳು ನಿಮ್ಮವ್ವ’ ಎಂದೆ. ಗೌರಿ ನಕ್ಕು ಏನೋ ಹೇಳಹೊರಟಳು, ತಡೆದೆ. ಅಪ್ಪನಿಗೂ ಅವ್ವನಿಗೂ ಕೇಳಿಸುವ ಹಾಗೆ ಗಟ್ಟಿಯಾಗಿ ಹೇಳಿದೆ:

‘ಗೌರಿ, ನಿನ್ನ ಒಂದು ವರ್ಷ ನಾನು ತಿಂದ್ಬುಟ್ಟೆ. ತಪ್ಪಾಯ್ತು ಕಣವ್ವ.’