ಹಾಸು ಕೆಚ್ಚುವ ದೊಡ್ಡಕ್ಕ

ನಿಘಂಟು ಕಚೇರಿಯಲ್ಲಿ ನಾನು ‘ಕ’ ಅಕ್ಷರದವನು. ಹನ್ನೆರಡು ವರ್ಷದಿಂದ ಅಲ್ಲೇ ಇದ್ದೇನೆ. ‘ಕ’ ಎಷ್ಟು ದೊಡ್ಡ ಸಂಸಾರ ಎಂಬುದು ಮೇಲಿನವರಿಗೆ ಅರ್ಥವಾಗುವುದಿಲ್ಲ. ಕಳೆದ ವರ್ಷ ‘ಕೃ’ ದಾಟಿ ‘ಕೆ’ಗೆ ಬಂದೆ ಎಂದು ಮನೆಯಲ್ಲಿ ಹೇಳಿದಾಗ ಹೆಂಡತಿ, ‘ಅಂತೂ ಮೊಮ್ಮಕ್ಕಳ ಕಾಲಕ್ಕೆ ‘ಖ’ ನೋಡ್ತೀರಿ ಬಿಡಿ’ ಅಂದಳು.

‘ಕೆಚ್ಚು’ ಎಂಬ ಪದದ ಕಟ್ಟಿನಲ್ಲಿ ಹದಿನೇಳು ಚೀಟಿಗಳಿದ್ದವು. ಮರದ ಒಳಗಿನ ಗಟ್ಟಿ ತಿರುಳು ಎಂದು ಕೆಲವು. ಬಾಗಿಲು ಮಾಡುವ ಬಡಗಿ ಹುಡುಕುವುದು ಅದನ್ನೇ. ಎದೆಗಾರಿಕೆ ಎಂದು ಹಲವು. ಭಾಷಣ ಬರೆದುಕೊಡುವವರಿಗೆ ಈ ಅರ್ಥ ಇಲ್ಲದಿದ್ದರೆ ಪೆನ್ನೇ ಓಡುವುದಿಲ್ಲ. ಎರಡು ಚೀಟಿಗಳಲ್ಲಿ ಹಸುವಿನ ಕೆಚ್ಚಲು ದಾರಿ ತಪ್ಪಿ ಬಂದು ಕೂತಿತ್ತು, ಅದನ್ನು ಅದರ ಜಾಗಕ್ಕೆ ಅಟ್ಟಿದೆ. ಕೊನೆಗೆ ಉಳಿದದ್ದು ಹಳದಿಯಾದ ಒಂದು ಹಳೇ ಚೀಟಿ. ‘ನೇಯುವವರ ಮಾತು. ಎಳೆಗಳಿಗೆ ಗಂಟು ಹಾಕು?’ ಎಂದು ಬರೆದು, ಆ ಪ್ರಶ್ನೆಚಿಹ್ನೆಯನ್ನು ನನ್ನ ತಲೆಗೆ ಕಟ್ಟಿ ಯಾರೋ ಪುಣ್ಯಾತ್ಮರು ನಿವೃತ್ತರಾಗಿದ್ದರು.

‘ಅದೊಂದು ಚಿಹ್ನೆ ಅಳಿಸಿ ಅಚ್ಚಿಗೆ ಕೊಡ್ರಿ’ ಎಂದರು ಮೇಲ್ವಿಚಾರಕರು. ನನಗೆ ರೇಗಿತು. ಗೊತ್ತಿಲ್ಲದ್ದನ್ನು ಗೊತ್ತಿದೆ ಎಂದು ಬರೆಯಲು ನಿಘಂಟು ಯಾಕೆ ಬೇಕು? ಮಾರನೆಯ ದಿನ ರಜೆ ಹಾಕಿ, ಬಸ್ಸಿನಲ್ಲಿ ಹೋಗಿ, ನಾಲ್ಕು ಕಡೆ ವಿಚಾರಿಸಿ ಒಂದು ನೇಯ್ಗೆ ಶೆಡ್ಡಿನ ಬಾಗಿಲಲ್ಲಿ ನಿಂತೆ. ತಗಡಿನ ಸೂರು, ಆರು ಮಗ್ಗ. ಅವುಗಳಲ್ಲಿ ಐದು, ಕಿವಿ ಕಿತ್ತುಹೋಗುವಂತೆ ಬಡಿಯುತ್ತಿದ್ದವು, ಒಂದು ಸುಮ್ಮನಿತ್ತು.

‘ಕೆಚ್ಚೋದು ನೋಡ್ಬೇಕಾ?’ ಎಂದು ಯಜಮಾನರು ನನ್ನ ಕಿವಿಯ ಹತ್ತಿರ ಕೂಗಿದರು. ‘ಸರಿಯಾದ ಟೈಮಿಗೆ ಬಂದ್ರಿ. ನಾಳೆ ಆ ಮಗ್ಗಕ್ಕೆ ಹೊಸ ಹಾಸು ಏರುತ್ತೆ. ದೊಡ್ಡಕ್ಕ ಚಿಕ್ಕಕ್ಕ, ಅಕ್ಕ ತಂಗಿ, ಇಬ್ರೂ ಕೂರ್ತಾರೆ. ಜೋಡಿ ಕೂರೋದು ಅದೇ ಕಡೇದು. ಭಾನುವಾರ ಚಿಕ್ಕಕ್ಕ ಮಗಳ ಊರಿಗೆ ಹೊರಟ್ರೆ ಇನ್ನು ಬರೋದಿಲ್ಲ.’

ದೊಡ್ಡಕ್ಕ ಹಿಂದಿನ ಕೋಣೆಯಲ್ಲಿ ಕಿಟಕಿಯ ಹತ್ತಿರ ಕೂತು ಹೆಬ್ಬೆರಳಿನ ಉಗುರನ್ನು ಕಲ್ಲಿಗೆ ಉಜ್ಜುತ್ತಿದ್ದರು. ಅರವತ್ತರ ಹತ್ತಿರದ ವಯಸ್ಸು, ಕಡ್ಡಿಯಂಥ ಮೈ. ನಾನು ಬಂದ ಕಾರಣ ಹೇಳಿ ಹಳೇ ಚೀಟಿಯನ್ನು ಓದಿದೆ. ‘ಗಂಟು’ ಎಂದು ಕೇಳಿದ್ದೇ ತಡ, ಅವರ ಮುಖ ಸಿಂಡರಿಸಿತು.

‘ಗಂಟಾ? ಯಾವೋನು ಬರ್ದಿದ್ದು? ಗಂಟು ಹಾಕಿದ್ರೆ ಹಣಿಗೇಲಿ ಸಿಕ್ಕಾಕ್ಕೊಂಡು ಪಟ್ ಅಂತ ಹರಿಯುತ್ತೆ. ಕೆಚ್ಚೋದು ಅಂದ್ರೆ ಹೊಸೆಯೋದು ಸಾರ್. ಎರಡು ತುದಿ ಸೇರಿಸಿ ಒಂದು ಸುತ್ತು. ಅಷ್ಟೇ.’

ಹಣಿಗೆ ಎಂದರೆ ಮಗ್ಗಕ್ಕೆ ಅಡ್ಡಲಾಗಿ ನಿಲ್ಲುವ, ಬಾಚಣಿಗೆಯಂತೆ ಹಲ್ಲುಗಳಿರುವ ಚೌಕಟ್ಟು. ಹಾಸಿನ, ಅಂದರೆ ಉದ್ದ ನೂಲಿನ, ಒಂದೊಂದು ಎಳೆಯೂ ಅದರ ಸಂದಿಯಲ್ಲಿ ತೂರಿ ಬರಬೇಕು. ಬಟ್ಟೆ ಮುಗಿಯುತ್ತ ಬಂದಾಗ ಹಳೇ ಹಾಸಿನ ಕೊನೆಯ ಮೊಳವನ್ನು ನೇಯದೆ ಹಾಗೇ ಬಿಡುತ್ತಾರೆ. ಆ ಹಳೇ ತುದಿಗಳಿಗೆ ಹೊಸ ಹಾಸಿನ ತುದಿಗಳನ್ನು ಒಂದಕ್ಕೊಂದು ಕೂಡಿಸಿ ಮೆಲ್ಲಗೆ ಎಳೆದರೆ, ಹೊಸ ಎಳೆ ಹಳೆಯದರ ಬೆನ್ನು ಹಿಡಿದು ಹಣಿಗೆ ದಾಟುತ್ತದೆ. ಹಾಗೆ ಕೂಡಿಸುವುದೇ ಕೆಚ್ಚುವುದು. ಒಂದು ಹಾಸಿಗೆ ಎರಡು ಸಾವಿರದ ನಾನೂರು ಎಳೆ.

ನಾನು ಹಳೇ ಚೀಟಿಯನ್ನು ಅಲ್ಲೇ ಹೊಡೆದುಹಾಕಿದೆ. ಅಲ್ಲಿಗೆ ನನ್ನ ಕೆಲಸ ಮುಗಿಯಿತು, ಎದ್ದು ಬರಬಹುದಿತ್ತು. ಆದರೆ ದೊಡ್ಡಕ್ಕ ಆ ಹೊತ್ತಿಗೆ ಕಾಫಿ ತಂದ ಯಜಮಾನರ ಹೆಂಡತಿಗೆ, ‘ರಾತ್ರಿ ಎರಡು ಗಂಟೆಗೆ ಎಚ್ಚರ ಆಯ್ತು ನೋಡು, ಆಮೇಲೆ ನಿದ್ದೆ ಕೆಚ್ಚಲೇ ಇಲ್ಲ’ ಅಂದರು. ನನ್ನ ಕಿವಿ ನೆಟ್ಟಗಾಯಿತು. ನಿದ್ದೆ ಕೆಚ್ಚುವುದು! ಹೊಸ ಚೀಟಿ ತೆಗೆದೆ.

ಆಮೇಲೆ ಬೆನ್ನು ಬಿಡಲಿಲ್ಲ. ಈ ಶೆಡ್ಡಿನಲ್ಲಿ ಬಿಟ್ಟ ಮಾತನ್ನು ಮತ್ತೆ ಎತ್ತಿಕೊಳ್ಳುವುದೂ ಕೆಚ್ಚುವುದೇ ಆಗಿತ್ತು: ‘ನಿನ್ನೆ ಎಲ್ಲಿಗೆ ನಿಲ್ಸಿದ್ದೆ, ಕೆಚ್ಚು ನೋಡೋಣ.’ ಒಂದು ಬಸ್ಸು ಇಳಿದ ಕೂಡಲೇ ಇನ್ನೊಂದು ಸಿಕ್ಕರೆ ಬಸ್ಸು ಕೆಚ್ಚಿತು. ತಿಂಗಳ ಕೊನೆಗೆ ಡಬ್ಬದ ಹಳೇ ಅಕ್ಕಿ ಮುಗಿಯುವ ಮೊದಲೇ ಹೊಸ ಅಕ್ಕಿ ಬಂದರೆ ಅಕ್ಕಿ ಕೆಚ್ಚಿತು. ನಾನು ಒಂದೊಂದನ್ನೂ ಚಿನ್ನ ಸಿಕ್ಕವನಂತೆ ಬರೆದುಕೊಳ್ಳುವುದು ಕಂಡು ಅವರಿಗೆ ನಗು. ‘ಚೀಟಿ ಮೇಷ್ಟ್ರೇ, ಇದಕ್ಕೂ ಸಂಬಳ ಕೊಡ್ತಾರಾ?’ ಎಂದು ಕೇಳಿದರು. ಅಲ್ಲಿಂದ ಮುಂದೆ ನನಗೆ ಅದೇ ಹೆಸರು.

ಅವರಿಗೆ ಈ ಕೆಲಸ ಕಲಿಸಿದ್ದು ಸೋದರತ್ತೆ. ಮೊದಲ ಮೂರು ತಿಂಗಳು ಕೆಚ್ಚಲು ಬಿಡಲೇ ಇಲ್ಲವಂತೆ, ಗಂಜಿಯಲ್ಲಿ ಅಂಟಿಕೊಂಡ ಎಳೆಗಳನ್ನು ಬಿಡಿಸುವುದಷ್ಟೇ. ‘ಎರಡೆಳೆ ಅಪ್ಪಿಕೊಂಡು ಒಂದೇ ಥರ ಕೂತಿರ್ತವೆ, ಕಳ್ಳರು. ಒಂದೇ ಅಂತ ನಂಬಿ ಹೊಸೆದ್ಯೋ, ಕೆಟ್ಟೆ.’ ಅತ್ತೆ ಸೊಸೆಯ ಕಣ್ಣಿಗೆ ಬಟ್ಟೆ ಕಟ್ಟಿ ಬೆರಳಲ್ಲೇ ಎಣಿಸಲು ಹೇಳುತ್ತಿದ್ದರು. ಬೆರಳು ಒಣಗಿರಬೇಕು, ಅದಕ್ಕೆ ಒಂದು ಮುಚ್ಚಳದಲ್ಲಿ ಬೂದಿ. ಹೆಬ್ಬೆರಳಿಗೆ ಗಾಯ ಆಗಲೇಬಾರದು. ಹಾಗಾಗಿ ಮದುವೆಯಾದ ವಾರವೇ ಗಂಡನ ಕೈಗೆ ಚಾಕು ಕೊಟ್ಟು, ‘ನಾನು ಕೆಚ್ಚೋಳು, ನೀವು ಹೆಚ್ಚೋರು’ ಅಂದರಂತೆ. ಬಸ್ಸಿನಲ್ಲಿ ಟಿಕೆಟ್ ಕೊಡುತ್ತಿದ್ದ ಆ ಮನುಷ್ಯ ಇಪ್ಪತ್ತೆಂಟು ವರ್ಷ ತಕರಾರಿಲ್ಲದೆ ತರಕಾರಿ ಹೆಚ್ಚಿದರು. ‘ಅವರು ಹೋಗಿ ಆರು ವರ್ಷ. ಈಗ ಬರೀ ಬೇಳೆ ಬೇಯಿಸ್ಕೋತೀನಿ’ ಎಂದು ದೊಡ್ಡಕ್ಕ ಉಗುರಿನತ್ತ ನೋಡಿದರು.

ಏನು ಹೇಳಬೇಕೆಂದು ತೋಚದಿದ್ದಾಗ ನಾನು ಪ್ರಶ್ನೆ ಕೇಳುತ್ತೇನೆ, ಅದೊಂದು ಕೆಟ್ಟ ಚಾಳಿ. ‘ಮನುಷ್ಯರನ್ನ ಕೆಚ್ಚೋದು ಅಂತಾರಾ ಇಲ್ಲಿ?’ ಎಂದೆ.

ಅವರು ‘ಅನ್ನಲ್ಲ’ ಎಂದರು. ಆಮೇಲೆ, ಬಾಗಿಲ ಕಡೆ ಒಮ್ಮೆ ನೋಡಿ, ತಂಗಿಯ ವಿಷಯ ತೆಗೆದರು.

ಅಕ್ಕ ತಂಗಿ ಹಾಸಿನ ಎರಡು ಅಂಚಿನಲ್ಲಿ ಕೂತು ಕೆಚ್ಚುತ್ತ ನಡುವಿಗೆ ಬರುವುದು ವಾಡಿಕೆ. ತಲಾ ಸಾವಿರದ ಇನ್ನೂರು. ನಡುವಿನಲ್ಲಿ ಒಂದು ಎಳೆ ಒಂಟಿಯಾಗಿ ಉಳಿದರೆ, ಯಾರೋ ಒಬ್ಬರು ಎರಡು ಎಳೆಯನ್ನು ಒಂದೆಂದು ಹೊಸೆದಿದ್ದಾರೆ ಎಂದರ್ಥ. ಆ ಒಂಟಿ ಎಳೆಯನ್ನು ಅಡ್ಡ ಎಳೆದು ಕಟ್ಟುವಂತಿಲ್ಲ, ಅದು ಪಕ್ಕದ ಎಳೆಗಳನ್ನು ತಿಕ್ಕಿ ಕಡಿಯುತ್ತದೆ. ತಪ್ಪಿದವರು ನಡುವಿನಿಂದ ತಪ್ಪಿನ ಜಾಗದವರೆಗೆ ಅಷ್ಟನ್ನೂ ಬಿಚ್ಚಿ ಮತ್ತೆ ಕೆಚ್ಚಬೇಕು. ಹನ್ನೊಂದು ವರ್ಷದ ಹಿಂದೆ ಹಾಗೆ ಒಂದು ಎಳೆ ಉಳಿದಿತ್ತು. ‘ನನ್ ಕಡೆ ತಪ್ಪೋದಿಲ್ಲ, ಅವಳದೇ’ ಎಂದು ದೊಡ್ಡಕ್ಕ ಎಲ್ಲರೆದುರು ಹೇಳಿಬಿಟ್ಟರು. ಚಿಕ್ಕಕ್ಕ ಬಾಯಿ ಬಿಡದೆ ತನ್ನ ಕಡೆಯ ಸಾವಿರದ ಇನ್ನೂರನ್ನೂ ಬಿಚ್ಚಿದರು. ತಪ್ಪು ಸಿಗಲಿಲ್ಲ. ಅದು ದೊಡ್ಡಕ್ಕನ ಕಡೆ ಇತ್ತು, ಶುರುವಿನ ಇಪ್ಪತ್ತು ಎಳೆಯೊಳಗೆ.

‘ನೀವೇನಂದ್ರಿ?’ ಎಂದೆ.

‘ಹೂಂ ಅಂದೆ. ಅಷ್ಟೇ. ತಪ್ಪಾಯ್ತು ಅಂತ ಆವತ್ತೇ ಹೇಳಿದ್ರೆ ಮುಗೀತಿತ್ತು. ಮಾರನೇ ದಿನ ಸ್ವಲ್ಪ ಕಷ್ಟ ಅನ್ನಿಸ್ತು. ತಿಂಗಳಾದ್ಮೇಲೆ ಬಾಯಿಗೇ ಬರ್ಲಿಲ್ಲ. ಅವಳೂ ಮಾತು ಬಿಟ್ಳು. ಬೂದಿ ಬೇಕಾದ್ರೆ ಮಗ್ಗಕ್ಕೆ ಹೇಳ್ತಾಳೆ, ನಾನು ಮುಚ್ಚಳ ತಳ್ತೀನಿ. ನಾಳೆ ಆದ್ರೂ ಹೇಳ್ಬೇಕು ಮೇಷ್ಟ್ರೇ. ಭಾನುವಾರ ಬಸ್ ಹತ್ತಿದ್ಲು ಅಂದ್ರೆ ನಾನು ಯಾರಿಗೆ ಹೇಳ್ಲಿ?’

ಮಾರನೆಯ ದಿನ ಗುರುವಾರ. ಪದದ ಕೆಲಸ ಮುಗಿದಿದ್ದರೂ ಮತ್ತೆ ರಜೆ ಹಾಕಿದೆ. ಕುತೂಹಲ ತಡೆಯಲಾಗಲಿಲ್ಲ, ಇನ್ನೇನು ಸುಳ್ಳು ಹೇಳಲಿ. ಹೊಸ ಹಾಸಿನ ಉರುಳೆ ಮಗ್ಗದ ಹಿಂದೆ ಏರಿತ್ತು. ಆ ತುದಿಯಲ್ಲಿ ಚಿಕ್ಕಕ್ಕ ಕೂತಿದ್ದರು, ಅಕ್ಕನಿಗಿಂತ ದಪ್ಪ, ಅದೇ ಮೂಗು. ಈ ತುದಿಯಲ್ಲಿ ದೊಡ್ಡಕ್ಕ. ಅವರ ಪಕ್ಕದ ಸ್ಟೂಲಿನಲ್ಲಿ ನಾನು.

ಆ ಕೈಗಳ ಓಟ ನೋಡಬೇಕು. ಎಡಗೈ ಹಳೆಯದನ್ನು ಎತ್ತುತ್ತದೆ, ಬಲಗೈ ಹೊಸದನ್ನು. ಬೂದಿಯ ಬೆರಳುಗಳ ನಡುವೆ ಒಂದು ತಿರುವು, ಒಂದು ಮಡಿಕೆ, ಇನ್ನೊಂದು ತಿರುವು, ಆಯಿತು. ಕಣ್ಣು ಕೈಯ ಮೇಲೆ ಇರುವುದೇ ಇಲ್ಲ. ದೊಡ್ಡಕ್ಕನ ಕಣ್ಣು ಅವತ್ತು ತಂಗಿಯ ಮೇಲಿತ್ತು. ನಾಲ್ಕೈದು ಸಲ ಗಂಟಲು ಸರಿಮಾಡಿಕೊಂಡರು. ಪ್ರತಿ ಸಲ ನಾನು ಉಸಿರು ಹಿಡಿದೆ. ಪ್ರತಿ ಸಲವೂ ಬರೀ ಕೆಮ್ಮು ಬಂತು.

ಮಧ್ಯೆ ನನಗೆ ಬಾಯಿ ತುರಿಸಿತು. ‘ಹರಿದ ಎಳೆ ಮತ್ತೆ ಕೂಡಿಸಿದ್ರೆ ಅದನ್ನೂ ಕೆಚ್ಚೋದು ಅಂತಾರಾ?’ ಎಂದೆ. ದೊಡ್ಡಕ್ಕ ನಕ್ಕು, ಕೈ ನಿಲ್ಲಿಸದೆ ಅದರ ವಿವರ ಹೇಳಿದರು. ಚಿಕ್ಕಕ್ಕ ಮಗ್ಗದ ಕಡೆ ತಿರುಗಿ, ‘ಕೆಲಸದ ಹೊತ್ತಲ್ಲಿ ಪುರಾಣ’ ಅಂದರು. ಮಗ್ಗ ಉತ್ತರ ಕೊಡಲಿಲ್ಲ.

ಮಧ್ಯಾಹ್ನ ಮೂರರ ಹೊತ್ತಿಗೆ ಅವರಿಬ್ಬರ ಮೊಣಕೈಗಳು ತಾಗುವಷ್ಟು ಹತ್ತಿರ ಬಂದವು. ಹತ್ತು ಎಳೆ, ಐದು ಎಳೆ. ಕೊನೆಯ ಹಳೇ ತುದಿಯನ್ನು ದೊಡ್ಡಕ್ಕ ಹೊಸೆದು ಕೈ ಎತ್ತಿದರು.

ನಡುವಿನಲ್ಲಿ ಒಂದು ಹೊಸ ಎಳೆ ಒಂಟಿಯಾಗಿ ತೂಗುತ್ತಿತ್ತು.

ಚಿಕ್ಕಕ್ಕನ ಮುಖದ ಬಣ್ಣವೇ ಹೋಯಿತು. ಅತ್ತಿಂದ ಯಜಮಾನರು ಬಂದು ಇಣುಕಿ, ‘ಅಯ್ಯೋ, ಕಡೇ ದಿನಾನೇ ಹೀಗಾಗ್ಬೇಕಾ’ ಎಂದರು. ಪಕ್ಕದ ಮಗ್ಗದವನೂ ಕೆಲಸ ನಿಲ್ಲಿಸಿ ಕತ್ತು ಚಾಚಿದ. ತಪ್ಪು ನನ್ನದೇ, ಆ ಹಾಳು ಪ್ರಶ್ನೆಯಿಂದಲೇ ಆದದ್ದು, ಅನುಮಾನವೇ ಇಲ್ಲ ಅನಿಸಿತು. ಹೇಳಿಬಿಡೋಣ ಎಂದು ಎದ್ದೆ.

‘ನಂದು’ ಎಂದರು ದೊಡ್ಡಕ್ಕ, ಎಲ್ಲರಿಗೂ ಕೇಳುವ ಹಾಗೆ. ಎಳೆಯನ್ನು ಮುಟ್ಟಿಯೂ ನೋಡಿರಲಿಲ್ಲ.

ಅವರು ನಡುವಿನಿಂದ ತಮ್ಮ ಕಡೆಗೆ ಬಿಚ್ಚುತ್ತ ಹೊರಟರು. ಬೆಳಗಿನಿಂದ ಹೊಸೆದದ್ದು ಒಂದೊಂದೇ ಸಡಿಲವಾಗಿ ಜೋತುಬಿದ್ದಿತು. ಐವತ್ತು, ನೂರು, ನೂರೈವತ್ತು. ತಪ್ಪು ಸಿಗಲಿಲ್ಲ. ಯಜಮಾನರು ತಲೆ ಕೆರೆದುಕೊಂಡು ಹೋದರು. ಚಿಕ್ಕಕ್ಕ ಮೊದಲು ಸುಮ್ಮನೆ ಅಕ್ಕನ ಕೈಯನ್ನೇ ನೋಡುತ್ತಿದ್ದರು. ಆಮೇಲೆ ಕಣ್ಣು ಮುಚ್ಚಿಕೊಂಡು ತಮ್ಮ ಕಡೆಯ ಎಳೆಗಳನ್ನು ಬೆರಳ ತುದಿಯಲ್ಲಿ ಒಂದೊಂದಾಗಿ ಸವರುತ್ತ ಹೋದರು. ನಲವತ್ತನೆಯದೋ ನಲವತ್ತೊಂದನೆಯದೋ, ಅಲ್ಲಿ ಬೆರಳು ನಿಂತಿತು.

‘ಅಕ್ಕಾ, ಬಿಡು. ಬಿಚ್ಚಬೇಡ. ಇಲ್ಲಿದೆ, ಜೋಡಿ ಎಳೆ. ನಂದು.’

ಪಕ್ಕದ ಮಗ್ಗದವನು ನನ್ನ ಮುಖ ನೋಡಿದ, ನಾನು ಅವನ ಮುಖ ನೋಡಿದೆ. ದೊಡ್ಡಕ್ಕನ ಕೈ ಮಾತ್ರ ಗಾಳಿಯಲ್ಲೇ ನಿಂತಿತ್ತು.

‘ನೋಡ್ದೇನೇ ನಂದು ಅಂದ್ಯಲ್ಲ, ಯಾಕೆ?’ ಎಂದರು ಚಿಕ್ಕಕ್ಕ.

‘ಆವತ್ತು ನೋಡ್ದೇನೇ ನಿಂದು ಅಂದಿದ್ನಲ್ಲ.’ ದೊಡ್ಡಕ್ಕ ತಂಗಿಯ ಕಡೆ ತಿರುಗಿದರು. ‘ತಪ್ಪಾಯ್ತು ಕಣೇ.’

‘ಅಷ್ಟು ಹೇಳೋಕೆ ಹನ್ನೊಂದು ವರ್ಷ ಬೇಕಾಯ್ತಾ ನಿಂಗೆ?’

‘ಹೂಂ.’

ಚಿಕ್ಕಕ್ಕ ಬೂದಿ ಕೈಯಲ್ಲೇ ಮುಖ ಒರೆಸಿಕೊಂಡರು, ಕೆನ್ನೆಯೆಲ್ಲ ಬೆಳ್ಳಗಾಯಿತು. ಎದ್ದು, ಮಣೆ ಎತ್ತಿಕೊಂಡು, ಮಗ್ಗ ಸುತ್ತಿ ಈ ಕಡೆ ಬಂದರು. ‘ಮೇಷ್ಟ್ರೇ, ಸ್ವಲ್ಪ ಆಚೆ ನಿಲ್ಲಿ’ ಎಂದು ನನ್ನ ಸ್ಟೂಲು ಸರಿಸಿ ಆ ಜಾಗದಲ್ಲಿ ಕೂತರು. ‘ಜರುಗು. ಸುಮ್ಸುಮ್ನೆ ಇಷ್ಟು ಬಿಚ್ಚಿ ಹಾಕಿದ್ದೀಯ, ಒಬ್ಳೇ ಯಾವಾಗ ಮುಗಿಸ್ತೀಯ?’

ಒಂದೇ ಅಂಚಿನಲ್ಲಿ ಭುಜಕ್ಕೆ ಭುಜ ತಾಗಿಸಿ ಕೂತು ಇಬ್ಬರೂ ಕೆಚ್ಚತೊಡಗಿದರು. ಮಗಳ ಮನೆಯಲ್ಲಿ ನೀರು ಎಷ್ಟು ಹೊತ್ತಿಗೆ ಬರುತ್ತದೆ, ಅಳಿಯ ಹೇಗೆ, ಭಾವ ಹೋದ ದಿನ ತಾನು ಬಾಗಿಲವರೆಗೆ ಬಂದು ಯಾಕೆ ತಿರುಗಿ ಹೋದೆ, ಎಲ್ಲ ಮಾತೂ ಒಟ್ಟಿಗೆ ಬಂದವು. ನಾನು ಗೋಡೆಗೆ ಒರಗಿ ನಿಂತು ಕೇಳಿದೆ. ಭಾನುವಾರಕ್ಕೆ ನಡುವೆ ಇನ್ನು ಎರಡೇ ದಿನ ಉಳಿದಿತ್ತು.