ಕೆಂಪವ್ವ ಹಿಡಿದ ಮಾತು

ಇಲ್ಲ... ನಂಬುವುದಿಲ್ಲ ನಾನು.

ನೆನ್ನೆ ಸಂಜೆ ಮದ್ದೂರು ಬಸ್‌ಸ್ಟ್ಯಾಂಡಿನಲ್ಲಿ ನನ್ನ ಜೊತೆ ಟೀ ಕುಡಿದವನು...
"ಕೊನೇ ಕತೆ ಮುಗೀತು ಅಕ್ಕಾ. ನಾಳಿಕ್ಕೆ ಅವ್ವುಂಗೆ ಓದ್ಬೇಕು" ಅಂದವನು...
ಇವತ್ತು ಬೆಳಿಗ್ಗೆ ಎದೆನೋವು ಅಂತ ಮಂಡ್ಯಕ್ಕೆ ಹೊರಟ ಆಂಬುಲೆನ್ಸಿನಲ್ಲೇ ಹೋಗಿಬಿಟ್ಟ.

ನಮ್ಮ ಮಾದೇಶ.

ಮಳವಳ್ಳಿ ಪಕ್ಕದ ಅವನ ಊರಿನಿಂದಲೇ ಬರೆಯುತ್ತಿದ್ದೇನೆ.
ಶಾಮಿಯಾನದ ಕಂಬಕ್ಕೆ ಹುಡುಗರು ಫ್ಲೆಕ್ಸ್ ಕಟ್ಟಿದ್ದಾರೆ...
"ಕ್ರಿಕೆಟ್ ತಾರೆ, ಸಾಹಿತಿ ಮಾದೇಶಣ್ಣ... ಮತ್ತೆ ಹುಟ್ಟಿ ಬಾ."
ಕ್ರಿಕೆಟ್ಟಲ್ಲ ಕಣ್ರಪ್ಪಾ, ಬೇಸ್‌ಬಾಲು!
ಊರಲ್ಲಿ ಸನ್ಮಾನ ಮಾಡಿದಾಗಲೆಲ್ಲ ಇದೇ ತಪ್ಪು. ಅವನಿದ್ದಿದ್ದರೆ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದ.

ಗೊತ್ತಿಲ್ಲದವರಿಗೆ ಹೇಳುತ್ತೇನೆ.
ಪೀಟಿ ಮೇಷ್ಟ್ರು ಕೊಟ್ಟ ಚೆಂಡನ್ನು ಗದ್ದೆ ಬಯಲಲ್ಲಿ ಎಸೆದು ಎಸೆದು ಆಟ ಕಲಿತವನು ಮಾದೇಶ. ಎದುರಿಗೆ ಹಿಡಿಯುವವರಿರಲಿಲ್ಲ.
ಅವನವ್ವ ಕೆಂಪವ್ವ ಗೋಣಿಚೀಲ ಮಡಿಸಿ ಕೈಗೆ ಸುತ್ತಿಕೊಂಡು ನಿಂತಳು.
"ಎಸಿಲಾ, ಇಡೀತೀನಿ! ಏನ್ ಎಣ್ಣುಡ್ಗಿ ತರ ಎಸೀತೀಯ?"

ಆ ತೋಳು ಅವನನ್ನು ದುಬೈ ಲೀಗಿಗೆ ಒಯ್ದಿತು. ಸಂಬಳಕ್ಕೆ ಬೇಸ್‌ಬಾಲ್ ಆಡಿದ.
ಭುಜ ಕೈಕೊಟ್ಟಿತು. ಊರಿಗೆ ಬಂದ. ಕತೆ ಬರೆದ.

ಬರೆದದ್ದೂ ಹಾಗೇ...
ಒಂದೊಂದು ವಾಕ್ಯವನ್ನೂ ಅವ್ವನಿಗೆ ಓದಿ ಹೇಳುತ್ತಿದ್ದ. ಓದು ಬಾರದ ಕೆಂಪವ್ವ ಅದನ್ನು ತಿರುಗಿ ಹೇಳಬೇಕು.
"ಬಾಯ್ಗೆ ಸಿಗ್ನಿಲ್ಲ ಕಣ್ಲಾ, ಬುಡು ಅದ್ನ" ಅಂದಳೋ, ಆ ವಾಕ್ಯ ಕಸಕ್ಕೆ.

ಮಾದೇಶಾ...
"ಭಾಷೆ ಒರಟು, ಸ್ವಲ್ಪ ಶಿಷ್ಟವಾಗಲಿ" ಅಂದ ವಿಮರ್ಶಕರಿಗೆ ನೀನು ವೇದಿಕೆಯಲ್ಲೇ ಹೇಳಿದೆಯಲ್ಲ...
"ನಮ್ಮವ್ವ ಇಡಿಯಕ್ಕಾಗ್ದಿರೋ ಮಾತು ನಂದಲ್ಲ ಸಾ."
ನಮ್ಮ ಜನರ ಆಡುಮಾತಿಗೂ ಮರ್ಯಾದೆ ಬೇಕು ಅಂತ ನಾವು ಚಳವಳಿಯವರು ಬೀದಿಯಲ್ಲಿ ಗಂಟಲು ಹರಿದುಕೊಂಡು ಕೂಗಿದ್ದನ್ನು ನೀನು ಒಂದೇ ಎಸೆತಕ್ಕೆ ಮುಗಿಸಿದೆ ತಮ್ಮಾ!

ಈಗ ಇಲ್ಲಿ ಆದದ್ದು ಕೇಳು.
ನಿನ್ನ ಹೆಣಕ್ಕೆ ಹೂವು ಬೀಳುವ ಮೊದಲೇ, ನಿನ್ನ ಪುಸ್ತಕಗಳ ಓಡಾಟಕ್ಕೆ ಜೊತೆಗಿದ್ದ ನನಗೆ ಪ್ರಕಾಶಕರ ಫೋನು ಬಂತು. ಗದ್ದಲಕ್ಕೆ ಕೇಳಿಸದೆ ಸ್ಪೀಕರ್ ಹಾಕಿದೆ.
"ಮೇಡಂ, ಹೊಸ ಪುಸ್ತಕ ಬೇಗ ತಂದುಬಿಡೋಣ. ಭಾಷೆ ಮಾತ್ರ ಒಂಚೂರು ಕ್ಲೀನ್ ಮಾಡಿಸೋಣ. ಇನ್ನು ಬೇಡ ಅನ್ನೋರು ಯಾರಿದ್ದಾರೆ?"

ನಿನ್ನ ತಲೆದೆಸೆಯಲ್ಲಿ ಕೂತಿದ್ದ ಕೆಂಪವ್ವ ಮೊಬೈಲಿನ ಕಡೆ ತಿರುಗಿದಳು.
"ಯಾರಪ್ಪಾ ಅದು? ನನ್ ಮಗ ಸತ್ತವ್ನೆ. ನನ್ ಕಿವಿ ಸತ್ತಿಲ್ಲ."
ಫೋನು ಕಟ್ಟಾಯ್ತು.

ಆಮೇಲೆ ಸೆರಗಿನಲ್ಲಿ ಮುಖ ಒರೆಸಿಕೊಂಡು ನನಗೆ ಹೇಳಿದಳು...
"ಕೊನೇ ಕತೆ ನಾನಿನ್ನೂ ಕೇಳ್ನಿಲ್ಲ ಕಣಮ್ಮ. ಮಣ್ಮಾಡಿ ಬಂದ್ಮ್ಯಾಕೆ ನೀನೇ ಓದು. ಇಡೀತೀನಿ."

ಓದುತ್ತೇನೆ.
ಅವಳು ಹಿಡಿದದ್ದು ಅಚ್ಚಿಗೆ, ಬಿಟ್ಟದ್ದು ಕಸಕ್ಕೆ. ನಡುವೆ ಯಾರೂ ಕೈಯಿಡುವ ಹಾಗಿಲ್ಲ. ಇಟ್ಟರೆ ನಾವಿದ್ದೇವೆ... ಬೀದಿ ನಮಗೆ ಹೊಸದಲ್ಲ.

ಹೋಗಿ ಬಾ ತಮ್ಮಾ...
ನೋಯುತ್ತಲೇ ಎಸೆದ ಆ ತೋಳಿಗೆ ಇನ್ನಾದರೂ ನೆಮ್ಮದಿಯ ನಿದ್ದೆ ಹತ್ತಲಿ.
ಚೆಂಡು ಅವ್ವನ ಕೈಯಲ್ಲಿದೆ.